ಮರಾಠಿಯಲ್ಲಿ ಮುಚ್ಚಿಟ್ಟ ಸುದ್ದಿ

ನಮ್ಮ ಮನೆಯಲ್ಲಿ ಗುಟ್ಟಿನ ಮಾತೆಲ್ಲ ಮರಾಠಿಯಲ್ಲಿ ನಡೆಯುತ್ತಿತ್ತು. ಮನೆಮಾತು ಕನ್ನಡವೇ. ಆದರೆ ನಮ್ಮ ಕಾಗವಾಡದಿಂದ ಮರಾಠಿ ನಾಡಿನ ಮಿರಜ ಎಷ್ಟು ದೂರ? ಪೇಟೆ, ದವಾಖಾನೆ, ರೈಲು ಎಲ್ಲ ಆ ಕಡೆಗೇ ಇರುವುದರಿಂದ ಯಾರೂ ಕಲಿಸದೆಯೇ ನಾವೆಲ್ಲ ಮರಾಠಿ ಕಲಿತಿದ್ದೆವು. ಮರಾಠಿ ಬಾರದ ಪೂರ್ವದ ಕಡೆಯ ಬೀಗರು ಬಂದು ಪಡಸಾಲೆಯಲ್ಲಿ ಕೂತಾಗ ಅವ್ವ ಅಡಿಗೆಮನೆಯಿಂದ ನಗುನಗುತ್ತ "ಸಾಖರ ಸಂಪಲಿ" ಎಂದು ಕೂಗುತ್ತಿದ್ದಳು. ಸಕ್ಕರೆ ಮುಗಿದಿದೆ ಎಂದು ಅರ್ಥ. ಸುತ್ತ ಕಬ್ಬಿನ ಹೊಲ ಇಟ್ಟುಕೊಂಡು ಮನೆಯಲ್ಲಿ ಸಕ್ಕರೆ ಇಲ್ಲವೆಂದು ಬೀಗರಿಗೆ ತಿಳಿದರೆ ಮರ್ಯಾದೆ ಏನಾಗಬೇಕು? ನಾನು ಹಿತ್ತಲ ಬಾಗಿಲಿನಿಂದ ಬಟ್ಟಲು ಹಿಡಿದು ನೆರೆಮನೆಗೆ ಓಡುತ್ತಿದ್ದೆ. ಬೀಗರು ಚಹಾ ಕುಡಿದು ಅವ್ವನ ಮರಾಠಿಯನ್ನು ಹೊಗಳಿ ಹೋಗುತ್ತಿದ್ದರು.

ಈ ಚಾಳಿಯಿಂದ ಯಾರಿಗೂ ಕೆಡುಕಾಗಿರಲಿಲ್ಲ. ಆ ಮೇ ತಿಂಗಳವರೆಗೆ.

ನನ್ನ ತಮ್ಮ ಸೈನ್ಯದಲ್ಲಿದ್ದಾನೆ. ಅವನ ಹೆಂಡತಿ ತೆಲಸಂಗದವಳು. ಅದೂ ನಮ್ಮ ಜಿಲ್ಲೆಯ ಊರೇ, ಆದರೆ ಒಣ ಬೇಸಾಯದ ನೆಲ, ಜೋಳದ ಹೊಲ, ಅಚ್ಚ ಕನ್ನಡ. ಮದುವೆಯಾಗಿ ನಮ್ಮ ಮನೆಗೆ ಬಂದು ವರ್ಷ ದಾಟಿದ್ದರೂ ಅವಳಿಗೆ ಹತ್ತಿಪ್ಪತ್ತು ಮರಾಠಿ ಮಾತಿಗಿಂತ ಹೆಚ್ಚು ಬರುತ್ತಿರಲಿಲ್ಲ. ನೀರು, ಊಟ, ನಮ್ಮದು, ನಿಮ್ಮದು, ಹೋಗು, ಬಾ. ಮಾತು ಕಡಿಮೆ, ನೋಟ ಚುರುಕು. ಆ ಮೇ ತಿಂಗಳಲ್ಲಿ ಅವಳಿಗೆ ಏಳು ತಿಂಗಳು ತುಂಬಿತ್ತು.

ನನ್ನ ಬಗ್ಗೆಯೂ ಹೇಳಬೇಕು. ನಮ್ಮ ಮನೆತನದಲ್ಲಿ ಪದವಿ ಕಂಡ ಮೊದಲನೆಯವಳು ನಾನು. ಹೇಳಿಕೊಳ್ಳಲು ಸಂಕೋಚವಿಲ್ಲ. ಬೆಳಿಗ್ಗೆ ಎಮ್ಮೆಯ ಸಗಣಿ ಬಳಿದು, ರೊಟ್ಟಿ ಬಡಿದಿಟ್ಟು, ಅಥಣಿಯ ಕಾಲೇಜಿಗೆ ಬಸ್ಸಿನಲ್ಲಿ ನಿಂತುಕೊಂಡೇ ಮೂರು ವರ್ಷ ಹೋಗಿ ಬಂದೆ. ಹೆಣ್ಣಿಗೆ ಇಷ್ಟು ಓದು ಯಾಕೆ ಎಂದು ಕೇಳದವರು ನಮ್ಮ ಓಣಿಯಲ್ಲಿ ಯಾರೂ ಉಳಿದಿರಲಿಲ್ಲ. ಆಮೇಲೆ ಚಿಕ್ಕೋಡಿಯಲ್ಲಿ ಬಿ.ಎಡ್. ಮುಗಿಸಿ ಮುಗಳಖೋಡದ ಹೈಸ್ಕೂಲಿನಲ್ಲಿ ಶಿಕ್ಷಕಿಯಾದೆ. ಹಿಂದೆ ಹಾಗೆ ಕೇಳಿದವರೇ ಈಗ ಪಿಂಚಣಿ ಅರ್ಜಿ, ಜಾತಿ ಪ್ರಮಾಣಪತ್ರ, ಬ್ಯಾಂಕಿನ ಕಾಗದ ಹಿಡಿದು ನನ್ನ ರಜೆಯ ದಿನ ಎಣಿಸುತ್ತಾರೆ. ಓಣಿಗೆಲ್ಲ ಓದಿ ಹೇಳುವವಳು ನಾನು. ಮನೆಗೆ ಏನು ತಿಳಿಯಬೇಕು, ಏನು ತಿಳಿಯಬಾರದು ಎಂದು ತೀರ್ಮಾನಿಸುವವಳೂ ನಾನೇ ಎಂದು ಯಾವಾಗ ಅಂದುಕೊಂಡೆನೋ ಗೊತ್ತಿಲ್ಲ. ತಮ್ಮ ಸೈನ್ಯಕ್ಕೆ ಸೇರುವ ಅರ್ಜಿಯನ್ನು ತುಂಬಿದ್ದು ನಾನು. ಆ ದಿನಗಳಲ್ಲಿ ಈ ಸಂಗತಿ ನನ್ನನ್ನು ಕೂತಲ್ಲಿ ಕೂರಗೊಡಲಿಲ್ಲ.

ನಾನು ಬೇಸಿಗೆ ರಜೆಗೆ ಮನೆಯಲ್ಲಿದ್ದೆ. ತಮ್ಮ ಇಪ್ಪತ್ತು ದಿನದ ರಜೆಯ ಮೇಲೆ ಬಂದಿದ್ದ. ಹೆಂಡತಿಯ ಕುಬಸಕ್ಕೆ, ಅಂದರೆ ಬಸುರಿಗೆ ಹಸಿರು ಸೀರೆ ಉಡಿಸಿ, ಹಸಿರು ಬಳೆ ಇಡಿಸಿ, ಉಡಿ ತುಂಬುವ ಕಾರ್ಯಕ್ಕೆ. ಬಂದ ಆರನೆಯ ದಿನ ಅಪ್ಪನ ಜೊತೆ ದ್ರಾಕ್ಷಿ ತೋಟದಲ್ಲಿದ್ದಾಗ ಫೋನು ಬಂತು. ಮನೆಗೆ ಬಂದವನು ಕೈಕಾಲು ತೊಳೆಯದೆ ಅಡಿಗೆಮನೆಯ ಹೊಸ್ತಿಲಲ್ಲಿ ನಿಂತ.

"ಅವ್ವಾ, ರಜಾ ರದ್ದ ಆತು. ಇವತ್ತಿನ ಗಾಡಿಗೇ ಹೋಗಬೇಕ."

"ಸೋಮವಾರ ಕುಬಸ ಇಟಗೊಂಡೇವಲ್ಲೋ! ನಿಮ್ಮ ಸಾಹೇಬಗ ಹೇಳಿದ್ದಿಲ್ಲೇನ?"

"ಸಾಹೇಬಂದೂ ರದ್ದ ಆಗೇತಿ ಬೇ."

ಅವ್ವ ಲಟ್ಟಣಿಗೆ ಕೆಳಗಿಟ್ಟಳು. ಆಮೇಲೆ ಟ್ರಂಕು ತೆಗೆದಳು. ಹಸಿರು ಸೀರೆಗೆ ಇನ್ನೂ ಫಾಲ್ ಹಚ್ಚಿರಲಿಲ್ಲ. ಕುಪ್ಪಸ ಹೊಲಿಯುವ ಒಂದು ಹಸಿರು ಕಣ, ಐದು ಉತ್ತತ್ತಿ, ಒಂದು ಗಿಟುಕು ಕೊಬ್ಬರಿ, ಅಷ್ಟೇ ಸಿಕ್ಕಿತು. ಸೊಸೆಯನ್ನು ಮಣೆಯ ಮೇಲೆ ಕೂಡಿಸಿ ಉಡಿ ತುಂಬಿದಳು. ನಾವು ಕಾಕು ಎಂದು ಕರೆಯುವ ನೆರೆಮನೆಯ ಜೈನರ ಹೆಂಗಸು ಓಡಿಬಂದು ಆರತಿ ಹಿಡಿದರು. ಹಾಡು ಯಾರಿಗೂ ನೆನಪಾಗಲಿಲ್ಲ. ತಮ್ಮ ಬೂಟಿನ ಲೇಸು ಕಟ್ಟಿಕೊಳ್ಳುತ್ತ ಅದನ್ನೆಲ್ಲ ನೋಡಿದ. ಮೋಟಾರುಸೈಕಲ್ ಹತ್ತುವಾಗ ನನಗೆ, "ಅಕ್ಕಾ, ಮನಿ ನೀ ನೋಡ್ಕೊ" ಅಂದ. ಸುಮ್ಮನೆ ಹೇಳುವ ಮಾತು ಅದು. ನಾನು ಅದನ್ನು ಅಧಿಕಾರಪತ್ರದಂತೆ ತೆಗೆದುಕೊಂಡೆ.

ಮರುದಿನ ಗಡಿಯಲ್ಲಿ ಯುದ್ಧ ಶುರುವಾಯಿತು, ಊರಿನ ಬಣ್ಣವೇ ಬದಲಾಯಿತು. ನಮ್ಮಿಂದ ಆ ಗಡಿ ಸಾವಿರ ಮೈಲಿ ದೂರ. ಆದರೆ ಚಹಾದಂಗಡಿಯ ಟಿವಿಯಲ್ಲಿ ಅದು ಕೃಷ್ಣಾ ನದಿಯ ಆಚೆ ದಂಡೆಯಷ್ಟು ಹತ್ತಿರ. ಕಬ್ಬಿನ ಟ್ರ್ಯಾಕ್ಟರುಗಳಿಗೆ ಬಾವುಟ ಬಂತು. ಪೆಟ್ರೋಲ್ ಪಂಪಿನಲ್ಲಿ ಕ್ಯಾನು ಹಿಡಿದವರ ಸಾಲು. ಉಪ್ಪು ಸಿಗುವುದಿಲ್ಲವಂತೆ ಎಂದು ಯಾರೋ ಹೇಳಿದರು, ಮಧ್ಯಾಹ್ನದೊಳಗೆ ಅಂಗಡಿಯ ಉಪ್ಪು ಖಾಲಿ. ನಮ್ಮ ಓಣಿಯ ತುದಿಯಲ್ಲಿ ಒಬ್ಬ ನಿವೃತ್ತ ಸುಭೇದಾರ ಕಾಕಾ ಇದ್ದಾರೆ. ವರ್ಷಗಟ್ಟಲೆ ಅವರ ಮಾತಿಗೆ ಯಾರೂ ಕಿವಿಗೊಟ್ಟಿರಲಿಲ್ಲ. ಈಗ ಚಹಾದಂಗಡಿಯ ಬೆಂಚು ಅವರದೇ. ನೆಲದ ಮೇಲೆ ಕಡ್ಡಿಯಿಂದ ಗೆರೆ ಕೊರೆದು, "ಇಲ್ಲಿ ನಾವು, ಇಲ್ಲಿ ಅವರು, ಇದು ನಾಲಾ" ಎಂದು ವಿವರಿಸುತ್ತಿದ್ದರು. ಕೇಳುವವರು ಚಹಾ ಕೊಡಿಸುತ್ತಿದ್ದರು.

ನಳದ ಹತ್ತಿರ ಹೋದರೆ ಮೊದಲ ಪ್ರಶ್ನೆ, "ಫೋನ್ ಬಂತೇನ್ರಿ?" ಬಂತು ಅಂದರೆ, "ಏನಂದಾ? ಯಾವ ಕಡಿ ಅದಾನಂತ?" ಇಲ್ಲ ಅಂದರೆ ಕೊಡ ತುಂಬುವವರೆಗೂ ಮೌನ. ಆ ಮೌನ ತಪ್ಪಿಸಲು ನಾನು ಎರಡು ದಿನ ಬಂತು ಅಂತಲೇ ಹೇಳಿದೆ.

ಅದಕ್ಕೆ ಮೊದಲಿನ ವಾರ ಮಿರಜದ ಡಾಕ್ಟರ್ ಬಾಯಿಯವರು ತಮ್ಮನ ಹೆಂಡತಿಯನ್ನು ಪರೀಕ್ಷೆ ಮಾಡಿ, ಬಿಪಿ ಸ್ವಲ್ಪ ಏರಿದೆ, ಜೋಪಾನ ಅಂದಿದ್ದರು. ಆ ಒಂದು ಮಾತು ನನಗೆ ಸಾಕಾಯಿತು. ಟಿವಿಯ ವೈರು ಕಿತ್ತೆ. ಅವಳ ಫೋನಿನಲ್ಲಿ ಏನೇನೋ ವಿಡಿಯೋ ಬರುತ್ತಿದ್ದವು, ಎಲ್ಲಿಯದೋ ಹಳೆಯ ಬೆಂಕಿ, ಎಲ್ಲಿಯದೋ ಹಳೆಯ ಹೊಗೆ. "ಇಲ್ಲಿ ಕೊಡ, ಡಾಕ್ಟರ್ ಬ್ಯಾಡ ಅಂದಾರ" ಎಂದು ಫೋನು ಇಸಿದುಕೊಂಡು ನನ್ನ ಕಪಾಟಿನಲ್ಲಿಟ್ಟು ಬೀಗ ಹಾಕಿದೆ. ಡಾಕ್ಟರು ಫೋನಿನ ಹೆಸರನ್ನೇ ಎತ್ತಿರಲಿಲ್ಲ.

ಅವಳು ಕೊಟ್ಟಳು. ವಾದ ಮಾಡಲಿಲ್ಲ. "ಅವರದು ಬಂದ್ರ ಹೇಳತೀರಲ್ರಿ, ಅಕ್ಕಾರ?" ಅಂದಳು.

"ಹೇಳದ ಇರ್ತೀನೇನ?" ಅಂದೆ.

ಆ ದಿನದಿಂದ ನಾನು, ಅವ್ವ, ಅಪ್ಪ ಯುದ್ಧದ ಮಾತೆಲ್ಲ ಅವಳ ಎದುರಿಗೇ ಮರಾಠಿಯಲ್ಲಿ ಆಡತೊಡಗಿದೆವು. ಅವಳು ರೊಟ್ಟಿ ತಟ್ಟುತ್ತಿರುವಾಗ ಅವಳ ತಲೆಯ ಮೇಲಿಂದಲೇ ಮಾತು ಹಾರುತ್ತಿತ್ತು. ಎಲ್ಲಿ ಗುಂಡು ಹಾರಿತು, ಯಾವ ಊರಿನವನು ಗಾಯಗೊಂಡ, ತಮ್ಮನ ಫೋನು ಯಾಕೆ ಹತ್ತುತ್ತಿಲ್ಲ. ನಮ್ಮ ಮುಖದಲ್ಲಿ ನಗು ಇಟ್ಟುಕೊಂಡೇ. ಅವಳು ಒಮ್ಮೊಮ್ಮೆ ಕೈ ನಿಲ್ಲಿಸಿ ಒಬ್ಬೊಬ್ಬರ ಬಾಯಿಯನ್ನೂ ನೋಡುತ್ತಿದ್ದಳು. ಆ ನೋಟವನ್ನು ನಾನು ಕಂಡೂ ಕಾಣದಂತಿದ್ದೆ.

ನಡುವೆ ಒಂದು ಮಧ್ಯಾಹ್ನ ಭೋಂಗಾ ಕೂಗಿತು. ನಮ್ಮೂರಿನ ಹತ್ತಿರದ ಸಕ್ಕರೆ ಕಾರ್ಖಾನೆಯ ಸೈರನ್‌ಗೆ ನಾವು ಭೋಂಗಾ ಅನ್ನುತ್ತೇವೆ. ಕಬ್ಬು ನುರಿಸುವ ಕಾಲದಲ್ಲಿ ಪಾಳಿ ಬದಲಾದಾಗಲೆಲ್ಲ ಅದು ಕೂಗುತ್ತದೆ, ಯಾರೂ ತಲೆ ಎತ್ತುವುದಿಲ್ಲ. ಆದರೆ ಮೇ ತಿಂಗಳಲ್ಲಿ ಕಾರ್ಖಾನೆ ಬಂದ್. ಬಂದಾದ ಕಾರ್ಖಾನೆಯ ಭೋಂಗಾ, ಅದೂ ಯುದ್ಧದ ದಿನ, ನಿಲ್ಲದೆ ಕೂಗತೊಡಗಿದರೆ ಏನು ತಿಳಿಯಬೇಕು? ಓಣಿಗೆ ಓಣಿಯೇ ಹೊರಗೆ ಬಂತು. ಸುಭೇದಾರ ಕಾಕಾ ಬನಿಯನ್ನಿನಲ್ಲೇ ಓಡಿಬಂದು ಎರಡೂ ಕೈ ಬೀಸಿದರು.

"ಬೋರಲ ಮಲಕೊಳ್ರಿ! ಎಲ್ಲಾರೂ ಬೋರಲಾ! ಕಿವಿ ಮುಚಗೊಳ್ರಿ!"

ಕೆಲವರು ಮಲಗಿದರು ಕೂಡ. ಎದುರು ಮನೆಯ ಮುದುಕಿ ಮಾತ್ರ ಕಟ್ಟೆ ಬಿಟ್ಟು ಅಲುಗಾಡಲಿಲ್ಲ.

"ಏ ಖೋಡಿ, ನಾ ಬೋರಲ ಬಿದ್ರ ಮತ್ತ ಎಬ್ಬಸಾವ್ರ ಯಾರ? ನಿಮ್ಮ ಮಿಲ್ಟ್ರಿ ಬರ್ತೈತೇನ ನನ್ನ ಮೊಳಕಾಲಿಗಿ?"

ಅಷ್ಟರಲ್ಲಿ ಕಾರ್ಖಾನೆಯ ವಾಚ್‌ಮನ್ ಸೈಕಲ್ ತುಳಿಯುತ್ತ ಬಂದ. ನೆಲದ ಮೇಲೆ ಮಲಗಿದ್ದವರನ್ನು ನೋಡಿ ಅವನೇ ಗಾಬರಿಯಾದ. "ಭೋಂಗಾ ರಿಪೇರಿಗೆ ಬಿಚ್ಚಿದ್ವಿ. ಕೂಗತೈತೋ ಇಲ್ಲೋ ಅಂತ ನೋಡಾಕತ್ತಿದ್ರು. ಬಂದ್ ಮಾಡೂ ಸ್ವಿಚ್ ಸಿಕ್ಕೊಂಡೈತಿ" ಅಂದ.

ತಮ್ಮನ ಹೆಂಡತಿ ಬಾಗಿಲಿಗೆ ಆತುಕೊಂಡು ನಕ್ಕಳು. ಹೊಟ್ಟೆ ಹಿಡಿದುಕೊಂಡು ಕಣ್ಣಲ್ಲಿ ನೀರು ಬರುವಷ್ಟು ನಕ್ಕಳು. ಆಮೇಲೆ ಕಣ್ಣೊರೆಸಿಕೊಂಡು ನನ್ನ ಹತ್ತಿರ ಬಂದಳು.

"ನೋಡ್ರಿ ಅಕ್ಕಾರ, ನಾ ಅಂಜಿಲ್ರಿ. ನನ್ನ ಫೋನ್ ಕೊಡ್ರಿ."

"ಇನ್ನ ಎರಡ ದಿನ ತಡಿ" ಅಂದೆ.

ಅವಳ ನಗು ಅಲ್ಲೇ ನಿಂತಿತು. ಒಳಗೆ ಹೋದಳು.

ನಿಜವೆಂದರೆ ಆ ಹೊತ್ತಿಗೆ ನಾನೇ ಅಂಜಿದ್ದೆ. ತಮ್ಮನ ಫೋನು ಮೂರು ದಿನದಿಂದ ಬಂದ್ ಇತ್ತು. ಹಚ್ಚಿದಾಗಲೆಲ್ಲ ಒಬ್ಬ ಹೆಣ್ಣುಮಗಳು ಮೊದಲು ಹಿಂದಿಯಲ್ಲಿ, ಆಮೇಲೆ ಇಂಗ್ಲಿಷಿನಲ್ಲಿ ಅದೇ ಮಾತು ಹೇಳುತ್ತಿದ್ದಳು. ದಿನಕ್ಕೆ ನಲವತ್ತು ಸಲ ಅವಳ ದನಿ ಕೇಳಿದ್ದೇನೋ. ಕಸ ಗುಡಿಸಿದ ಅಂಗಳವನ್ನೇ ಮತ್ತೆ ಗುಡಿಸುತ್ತಿದ್ದೆ. ಹತ್ತನೆಯ ತರಗತಿಯ ಉತ್ತರ ಪತ್ರಿಕೆಯ ಹಳೆ ಕಟ್ಟು ಬಿಚ್ಚಿ, ಈಗಾಗಲೇ ತಿದ್ದಿದ್ದನ್ನು ಮತ್ತೆ ತಿದ್ದಿದೆ. ಅವ್ವ ಹಾಲು ಕಾಯಲು ಇಟ್ಟು ಬಾಗಿಲಿಗೆ ಬಂದು ನಿಲ್ಲುತ್ತಿದ್ದಳು, ಹಾಲು ಉಕ್ಕಿ ಒಲೆ ಆರುತ್ತಿತ್ತು. ಅಪ್ಪ ತೋಟ ಬಿಟ್ಟು ಮನೆಗೆ ಬರುತ್ತಿರಲಿಲ್ಲ. ಏಪ್ರಿಲಿನಲ್ಲಿ ದ್ರಾಕ್ಷಿ ಬಳ್ಳಿ ಕತ್ತರಿಸಿದ ಮೇಲೆ ಮೇ ತಿಂಗಳಲ್ಲಿ ಬೇಡದ ಚಿಗುರು ಚಿವುಟಿ, ಗಟ್ಟಿ ಚಿಗುರು ಉಳಿಸಬೇಕು. ಮುಂದಿನ ವರ್ಷದ ಕಾಯಿ ಅದರಲ್ಲೇ ಇರುತ್ತದೆ. ಮೂವತ್ತು ವರ್ಷ ಆ ಕೆಲಸ ಮಾಡಿದ ಮನುಷ್ಯ ಒಂದು ಇಡೀ ಸಾಲಿನಲ್ಲಿ ಗಟ್ಟಿ ಚಿಗುರನ್ನು ಚಿವುಟಿ ಬಡಕಲನ್ನು ಉಳಿಸಿದ್ದ. ಪಕ್ಕದ ಹೊಲದವರು ಕೂಗಿ ಹೇಳಿದಾಗ ಕೈ ನೋಡಿಕೊಂಡು, "ಕೈ ತಾನಽ ಹೋತ ನೋಡ" ಅಂದನಂತೆ.

ನಾಲ್ಕನೆಯ ದಿನ ಬೆಳಿಗ್ಗೆ ನಾನು ಮಾಳಿಗೆಯ ಮೇಲೆ ಶ್ಯಾವಿಗೆ ಒಣಹಾಕುತ್ತಿದ್ದೆ. ಅವ್ವ ಕೆಳಗೆ ಪಡಸಾಲೆಯಲ್ಲಿದ್ದಳು. ತಮ್ಮನ ಹೆಂಡತಿ ಒಳಕೋಣೆಯಲ್ಲಿ ಮೊರ ಹಿಡಿದು ಅಕ್ಕಿ ಆರಿಸುತ್ತಿದ್ದಳು. ಅವ್ವನಿಗೆ ಫೋನು ಬಂತು. ಮಾಡಿದವಳು ನಿಪ್ಪಾಣಿಯ ಹೆಂಗಸು, ತಮ್ಮನ ಜೊತೆಗೇ ಇರುವ ಇನ್ನೊಬ್ಬ ಸೈನಿಕನ ತಾಯಿ. ಅವರ ಮನೆಮಾತು ಮರಾಠಿ. ಅವಳ ಮಗ ಯಾರದೋ ಫೋನಿನಿಂದ ಒಂದು ನಿಮಿಷ ಮಾತಾಡಿದ್ದನಂತೆ. ಇವರ ತುಕಡಿ ಮುಂದಿನ ಠಾಣೆಯೊಂದರಲ್ಲಿ ಸಿಕ್ಕಿಕೊಂಡಿತ್ತು, ಈಗ ಎಲ್ಲರೂ ಅಲ್ಲಿಂದ ಪಾರಾಗಿ ಹಿಂದಕ್ಕೆ ಬಂದಿದ್ದಾರೆ ಎಂದು ಸುದ್ದಿ. ನೆಟ್‌ವರ್ಕ್ ಕಡಿದು ಕಡಿದು ಬರುತ್ತಿತ್ತು, ಅವ್ವ ಎಲ್ಲವನ್ನೂ ಎರಡೆರಡು ಸಲ ಕೂಗಿ ಕೇಳುತ್ತಿದ್ದಳು.

"ಕಾಯ? ಸಗಳೆ ಸುಟ್ಲೆ? ತಿಥೂನ ಸಗಳೆ ಸುಟ್ಲೆ?"

ಆಮೇಲೆ ಇನ್ನೂ ಜೋರಾಗಿ, "ಆಮ್ಚಾ ಪಣ ಸುಟ್ಲಾ?"

ಎಲ್ಲರೂ ಪಾರಾದರೇ? ನಮ್ಮವನೂ ಪಾರಾದನೇ? ಅಷ್ಟೇ ಮಾತು. ಅಷ್ಟು ಕೇಳಿ ಅವ್ವ ಕುಸಿದು ಕೂತು ಗೊಳೋ ಎಂದು ಅತ್ತಳು. ನನಗೆ ಮಾಳಿಗೆಯ ಮೇಲೆಯೇ ಎಲ್ಲ ಅರ್ಥವಾಗಿತ್ತು. ಏಣಿಯ ಮೆಟ್ಟಿಲು ಬಿಟ್ಟು ಬಿಟ್ಟು ಇಳಿದು ಬಂದೆ. ಅವ್ವನನ್ನು ಅಪ್ಪಿಕೊಂಡು ನಾನೂ ಅತ್ತೆ, ಆಮೇಲೆ ಇಬ್ಬರೂ ನಕ್ಕೆವು. ದೇವರ ಮುಂದೆ ದೀಪ ಹಚ್ಚಿದೆವು. ಕಾಕುವಿನ ಮನೆಗೆ ಹೋಗಿ ಹೇಳಿ ಬಂದೆ. ಇಷ್ಟಾಗಲು ಹತ್ತು ನಿಮಿಷ ಹಿಡಿದಿರಬೇಕು. ಈ ಹತ್ತು ನಿಮಿಷದಲ್ಲಿ ಒಳಕೋಣೆಯಲ್ಲಿ ಒಬ್ಬಳಿದ್ದಾಳೆ ಎಂಬುದು ನಮಗಿಬ್ಬರಿಗೂ ನೆನಪಾಗಲಿಲ್ಲ.

"ಏ, ಬಾ ಇಲ್ಲೆ, ಸುದ್ದಿ ಬಂತ" ಎಂದು ಅವ್ವ ಕೂಗಿದಳು. ಉತ್ತರವಿಲ್ಲ. ಒಳಗೆ ಮೊರ ಮಗುಚಿ ಬಿದ್ದಿತ್ತು, ಅಕ್ಕಿ ನೆಲದ ತುಂಬ ಹರಡಿತ್ತು. ಹಿತ್ತಲ ಬಾಗಿಲು ತೆರೆದಿತ್ತು. ಅವಳ ಚಪ್ಪಲಿ ಅಲ್ಲೇ ಇದ್ದವು.

ಮೊದಲು ಬಚ್ಚಲು, ಆಮೇಲೆ ದನದ ಕೊಟ್ಟಿಗೆ, ಆಮೇಲೆ ಬಣವೆಯ ಹಿಂದೆ. ಅವ್ವ ಬಾವಿಯ ಕಡೆ ಓಡಿದಳು. ನಮ್ಮ ಬಾವಿಗೆ ಕಟ್ಟೆ ಇಲ್ಲ. ನಾನು ರಸ್ತೆಗೆ ಓಡಿದೆ. ಸೆರಗು ಎಲ್ಲಿತ್ತೋ, ಕೂದಲು ಎಲ್ಲಿತ್ತೋ. ಬಸ್‌ಸ್ಟ್ಯಾಂಡಿನಲ್ಲಿ ಅವಳಿರಲಿಲ್ಲ. ಹಿಂದಕ್ಕೆ ಬರುವಾಗ ಎದುರು ಮನೆಯ ಮುದುಕಿ ಕೋಲು ಎತ್ತಿ ತೋರಿಸಿದಳು. "ನಿಮ್ಮ ಹುಡಿಗಿ ಬರೇಗಾಲಲೆ ಸುಭೇದಾರನ ಮನಿ ಕಡಿ ಹೋತಲ್ಲ. ಕರದ್ರ ಹೊಳ್ಳಿ ನೋಡಲಿಲ್ಲ."

ಸುಭೇದಾರ ಕಾಕಾನ ಕಟ್ಟೆಯ ಮೇಲೆ ಅವಳು ಕೂತಿದ್ದಳು. ಬೆನ್ನು ನೆಟ್ಟಗೆ, ಕೈ ಎರಡೂ ಹೊಟ್ಟೆಯ ಮೇಲೆ. ಅಳುತ್ತಿರಲಿಲ್ಲ. ಕಾಕಾ ಅವಳ ಎದುರು ಫೋನನ್ನು ತಲೆಕೆಳಗಾಗಿ ಹಿಡಿದು ನಿಂತಿದ್ದರು.

"ಮಗಳ, ಈಕಿ ಕೇಳೂದಕ್ಕ ನಾ ಏನ್ ಹೇಳ್ಲಿ?" ಅಂದರು ನನ್ನನ್ನು ಕಂಡು. "ಪೆಟಗಿ ಎಂದ ಬರ್ತೈತ್ರಿ ಅಂತ ಕೇಳತಾಳ. ವಿಮಾನದಾಗೋ, ರೈಲಿನಾಗೋ ಅಂತಾಳ."

ಅವಳು ನನ್ನತ್ತ ತಿರುಗಿದಳು.

"ಎಷ್ಟ ಸುಟ್ಟಾರ್ರಿ, ಅಕ್ಕಾರ? ಮಾರಿ ಗುರ್ತ ಸಿಗತೈತೇನ್ರಿ?"

ನನಗೆ ಅರ್ಥವಾಗಲಿಲ್ಲ. "ಯಾರ ಸುಟ್ಟಾರ? ಏನ್ ಮಾತಾಡಾಕತ್ತಿ? ಯಾರ ಹೇಳಿದ್ರ ನಿನಗ?"

"ಅತ್ತಿ ಅಂದ್ರಲ್ರಿ. ಸಗಳೆ ಸುಟ್ಲೆ. ಆಮ್ಚಾ ಪಣ ಸುಟ್ಲಾ." ಅವಳು ಒಂದೊಂದೇ ಮಾತನ್ನು ಬಿಡಿಸಿ ಹೇಳಿದಳು, ಪರೀಕ್ಷೆಗೆ ಬಾಯಿಪಾಠ ಒಪ್ಪಿಸಿದಂತೆ. "ಆಮ್ಚಾ ಅಂದ್ರ ನಮ್ಮವ ಅಂತ ನನಗ ಗೊತ್ತೈತ್ರಿ. ಅಷ್ಟ ಮರಾಠಿ ಬರ್ತೈತಿ."

ಎಷ್ಟು ಸಲ ಈ ಮಾತು ನನ್ನ ಬಾಯಲ್ಲೇ ಬಂದಿಲ್ಲ. ಮಿರಜ ಸ್ಟೇಶನ್ನಿನಲ್ಲಿ ರೈಲು ಹೊರಟರೆ ಗಾಡಿ ಸುಟ್ಲಿ ಅನ್ನುತ್ತೇವೆ. ಸಂಜೆ ಮಕ್ಕಳನ್ನು ಬಿಟ್ಟರೆ ಶಾಳಾ ಸುಟ್ಲಿ. ಕಟ್ಟಿದ ಎಮ್ಮೆ ಹಗ್ಗ ಬಿಚ್ಚಿಕೊಂಡು ಓಡಿದರೆ ಮ್ಹೈಸ ಸುಟ್ಲಿ. ಅದರೊಳಗೆ ಬೆಂಕಿ ಇದೆ ಎಂದು ನನಗೆ ಒಂದು ದಿನವೂ ಕೇಳಿಸಿರಲಿಲ್ಲ. ತೆಲಸಂಗದ ಕಿವಿಗೆ ಬೇರೇನೂ ಕೇಳಿಸುವಂತಿರಲಿಲ್ಲ. ಜೊತೆಗೆ ಅತ್ತೆ ಕುಸಿದು ಕೂತು ಅತ್ತ ಸದ್ದು. ಆಮೇಲೆ ನನ್ನ ಅಳು. ಆಮೇಲೆ ದೇವರ ಮುಂದೆ ದೀಪ.

ನಾನು ಅವಳ ಪಕ್ಕ ಕೂತು ಹೇಳಿದೆ. ಶಾಲೆಯಲ್ಲಿ ಹೇಳುವ ಹಾಗೆಯೇ ಹೇಳಿದೆ ಅಂತ ಕಾಣುತ್ತದೆ, ಉದಾಹರಣೆ ಕೊಟ್ಟು, ಎರಡು ಸಲ. ಅವಳು ಕೇಳಿದಳು. ನಾನು ಮುಗಿಸಿದ ಮೇಲೆ ನನ್ನನ್ನು ದಾಟಿ ಸುಭೇದಾರ ಕಾಕಾನ ಮುಖ ನೋಡಿದಳು.

"ಕಾಕಾರ, ಖರೇನ್ರಿ?"

"ಖರೇ ಮಗಾ. ಸುಟ್ಲಾ ಅಂದ್ರ ಪಾರ ಆದ. ನನ್ನ ಪಲ್ಟನ್ಯಾಗೂ ಹಿಂಗ ಅಂತಿದ್ರು" ಎಂದು ಕಾಕಾ ಅಲ್ಲೇ ನೆಲದ ಮೇಲೆ ಕೂತರು.

ಆಗ ಅವಳು ಉಸಿರು ಬಿಟ್ಟಳು. ನನ್ನ ಮಾತಿಗೆ ಬಿಡಲಿಲ್ಲ, ಅವರ ಮಾತಿಗೆ ಬಿಟ್ಟಳು. ಓಣಿಗೆಲ್ಲ ಓದಿ ಹೇಳುವವಳ ಮಾತನ್ನು ಮನೆಯ ಹುಡುಗಿ ನಂಬಲಿಲ್ಲ. ಆ ಕ್ಷಣದಲ್ಲಿ ನಾಚಿಕೆಗಿಂತ ಮೊದಲು ನನಗೆ ಸಿಟ್ಟೇ ಬಂತು. ಬರೆಯಬೇಕಾದರೆ ಇದನ್ನೂ ಬರೆಯಬೇಕು.

"ನಡಿ ಮನಿಗಿ, ಎಲ್ಲಾರೂ ಗಾಬರಿ ಆಗ್ಯಾರ" ಅಂದೆ.

ಅವಳು ಏಳಲಿಲ್ಲ. "ನನ್ನ ಮುಂದ ಮರಾಠಿ ಯಾಕ ಮಾತಾಡತಿದ್ರಿ?"

"ನಿನ್ನ ಬಿಪಿ..."

"ನೀವ್ ಬಿ.ಎ. ಮಾಡೀರಿ, ಬಿ.ಎಡ್. ಮಾಡೀರಿ. ನಾ ಪಿಯುಸಿ ನಪಾಸ ಆದಾಕಿ. ಖರೇ. ಆದ್ರ ಅಲ್ಲಿ ಹೋಗಿದ್ದು ನನ್ನ ಗಂಡ್ರಿ." ದನಿ ಏರಿಸಲಿಲ್ಲ. "ಸತ್ರ ಸತ್ತಾರ ಅನ್ರಿ, ಇದ್ರ ಅದಾರ ಅನ್ರಿ. ಎಲ್ಲಾರಿಗೂ ಗೊತ್ತಿದ್ದು ನನಗ ಒಬ್ಬಾಕಿಗೇ ಗೊತ್ತಿಲ್ಲಾ ಅಂದ್ರ, ನಾ ಈ ಮನಿಯಾಗ ಏನ್ ಅದೀನ್ರಿ?"

ಕಾಕಾ ಕಡ್ಡಿಯೊಂದನ್ನು ಎತ್ತಿಕೊಂಡು ನೆಲ ಕೆದರುತ್ತಿದ್ದರು. ಗೆರೆ ಎಳೆಯಲಿಲ್ಲ.

ಕಾಕುವಿನ ಮಗನ ಕಾರಿನಲ್ಲಿ ಅವಳನ್ನು ಮಿರಜಕ್ಕೆ ಕರೆದುಕೊಂಡು ಹೋದೆವು. ಮನೆಗೆ ಬಂದ ಮೇಲೆ ಅವಳಿಗೆ ತಲೆ ಸಿಡಿಯುತ್ತಿತ್ತು, ಪಾದ ಬಾತಿದ್ದವು. ದಾರಿಯುದ್ದಕ್ಕೂ ನಾನು ಅವಳ ಕೈ ಹಿಡಿಯಲು ನೋಡಿದೆ. ಅವಳ ಕೈ ಹೊಟ್ಟೆಯ ಮೇಲಿಂದ ಸರಿಯಲಿಲ್ಲ. ಯಾವ ಭಾಷೆಯಲ್ಲಿ ಮಾತಾಡಬೇಕು ಎಂದು ಅವ್ವನಿಗೂ ತಿಳಿಯದಾಗಿತ್ತು.

ಮಿರಜದ ಆ ಡಾಕ್ಟರ್ ಬಾಯಿಯವರಿಗೆ ನಮ್ಮ ಕಡೆಯ ರೋಗಿಗಳೇ ಹೆಚ್ಚು, ಕನ್ನಡ ಅವರಿಗೆ ನೀರು ಕುಡಿದಷ್ಟು ಸಲೀಸು. ಮಗುವಿನ ಎದೆಬಡಿತ ಕೇಳಿದರು, ನಮಗೂ ಕೇಳಿಸಿದರು. ಟಗ ಟಗ ಟಗ ಟಗ. ಅವ್ವ ಕೈಮುಗಿದಳು. ಬಿಪಿ ನೋಡಿ ಡಾಕ್ಟರು ಹುಬ್ಬು ಗಂಟಿಕ್ಕಿದರು.

"ಇಷ್ಟ ಯಾಕ ಏರೈತಿ? ಏನ್ ಟೆನ್ಶನ್ ಮಾಡಕೊಂಡಿ?"

"ನನಗ ಏನೂ ಹೇಳವಲ್ರಿ" ಅಂದಳು ಅವಳು. "ಫೋನ್ ಕಸಗೊಂಡಾರ್ರಿ. ನೀವ ಹೇಳೀರಂತ."

ಡಾಕ್ಟರು ಕನ್ನಡಕದ ಮೇಲಿಂದ ನನ್ನನ್ನು ನೋಡಿದರು. "ನಾ ಯಾವಾಗ ಹೇಳೇನಿ? ಉಪ್ಪಿನಕಾಯಿ ಬಂದ್ ಮಾಡ್ರಿ ಅಂದಿದ್ದೆ. ಉಪ್ಪಿನಕಾಯಿ ಬಂದ್ ಮಾಡೀರೇನ?"

ಮಾಡಿರಲಿಲ್ಲ.

ಮನೆಗೆ ಬಂದು ಕಪಾಟಿನ ಬೀಗ ತೆಗೆದೆ. ಫೋನು ಸತ್ತುಹೋಗಿತ್ತು, ಚಾರ್ಜಿಗೆ ಹಾಕಿ ಅವಳ ಹಾಸಿಗೆಯ ಪಕ್ಕ ಇಟ್ಟೆ. ಟಿವಿಯ ವೈರನ್ನೂ ಸಿಕ್ಕಿಸಿದೆ. ಏನಾದರೂ ಹೇಳಬೇಕೆಂದು ನಿಂತೆ. ಅವಳು ಗೋಡೆ ಕಡೆ ಮುಖ ಮಾಡಿ ಮಲಗಿದ್ದಳು. "ತಪ್ಪಾತು" ಎಂದೆ. ಕೇಳಿಸಿತೋ ಇಲ್ಲವೋ ಗೊತ್ತಿಲ್ಲ, ಮರುದಿನ ನನಗೆ ಚಹಾ ಕೊಡುವಾಗ ಅವಳು ಅದರ ಮಾತೆತ್ತಲಿಲ್ಲ.

ಎರಡು ದಿನದಲ್ಲಿ ಗುಂಡು ನಿಂತಿತು ಎಂದು ಟಿವಿಯವರು ಹೇಳಿದರು. ಚಹಾದಂಗಡಿಯ ಮುಂದೆ ಪಟಾಕಿ ಹಾರಿಸಿದರು. ಪಂಪಿನಲ್ಲಿ ಕ್ಯಾನು ಹಿಡಿದವರು ಮಾಯವಾದರು, ಮನೆಮನೆಯಲ್ಲಿ ಉಪ್ಪಿನ ಚೀಲ ಮಾತ್ರ ಉಳಿಯಿತು. ನಮ್ಮ ಮನೆಯಲ್ಲಿ ಯಾರಿಗೂ ಕೂರಲು ಆಗುತ್ತಿರಲಿಲ್ಲ. ಪಾರಾದನೆಂದು ಇನ್ನೊಬ್ಬರ ತಾಯಿ ಹೇಳಿದ್ದಳೇ ಹೊರತು ಅವನ ದನಿ ನಾವು ಕೇಳಿರಲಿಲ್ಲ. ಪಟಾಕಿ ಹಾರಿದಾಗ ಅಪ್ಪ ತೋಟದಿಂದ ಓಡಿಬಂದ, ಏನೂ ಅಲ್ಲವೆಂದು ತಿಳಿದು ಮತ್ತೆ ಹೋದ.

ಮರುದಿನ ಇಳಿಹೊತ್ತಿನಲ್ಲಿ ಫೋನು ಬಂತು. ಬಂದದ್ದು ಅವಳ ಫೋನಿಗೆ. ಅವಳು ಹಿತ್ತಲಲ್ಲಿ ಪಾತ್ರೆ ತಿಕ್ಕುತ್ತಿದ್ದಳು, ಬೂದಿಗೈಯಲ್ಲೇ ಎತ್ತಿಕೊಂಡಳು. "ಹಲೋ" ಅಂದವಳು ನಮ್ಮ ಕಡೆ ಒಮ್ಮೆ ನೋಡಿ, ನಿಧಾನವಾಗಿ ಎದ್ದು, ಬೇವಿನ ಗಿಡದ ಆಚೆಗೆ ನಡೆದು ಹೋದಳು. ಅವ್ವ ಎದ್ದಳು. ನಾನು ಅವ್ವನ ಸೆರಗು ಹಿಡಿದು ಕೂಡಿಸಿದೆ. ಅಪ್ಪ ಬಂದು ಬಾಗಿಲಲ್ಲಿ ನಿಂತ. ಮೂವರೂ ಅವಳ ಬೆನ್ನು ನೋಡುತ್ತಿದ್ದೆವು. ಬೆನ್ನು ಒಮ್ಮೆ ನಕ್ಕಂತೆ ಅಲುಗಿತು. ಒಮ್ಮೆ ಬಹಳ ಹೊತ್ತು ಅಲುಗದೆ ನಿಂತಿತು. ಸೆರಗಿನಿಂದ ಮುಖ ಒರೆಸಿಕೊಂಡಳು. ನಾನು ನನ್ನ ಬೆರಳಿನ ನೆಟಿಗೆ ತೆಗೆದೆ, ತೆಗೆದದ್ದನ್ನೇ ಮತ್ತೆ ತೆಗೆಯಲು ನೋಡಿದೆ.

ಅವಳು ಹಿಂದಿರುಗಿ ಬಂದಳು. ಫೋನು ಸೊಂಟದಲ್ಲಿ ಸಿಕ್ಕಿಸಿಕೊಂಡಿದ್ದಳು.

"ಆರಾಮ ಅದಾರಂತ್ರಿ."

"ಮತ್ತ?" ಅಂದಳು ಅವ್ವ.

"ಮತ್ತೇನಿಲ್ರಿ."

"ಎಲ್ಲಿ ಅದಾನಂತ?" ನನ್ನ ಬಾಯಿ ತಡೆಯಲಿಲ್ಲ.

"ನನಗ ಹೇಳ್ಯಾರ್ರಿ" ಎಂದು ಅವಳು ಕೂತು ಉಳಿದ ಪಾತ್ರೆಗಳನ್ನು ತಿಕ್ಕತೊಡಗಿದಳು.

ಅವ್ವ ನನ್ನ ಮುಖ ನೋಡಿದಳು. ಮನೆಯಲ್ಲಿ ಯಾವುದಾದರೂ ತಿಳಿಯದಿದ್ದರೆ ಅವಳು ನೋಡುವುದು ನನ್ನ ಮುಖವನ್ನೇ. ನಾನು ತಲೆ ಅಲ್ಲಾಡಿಸಿದೆ. ಅವ್ವ ನನ್ನ ಕಿವಿಯ ಹತ್ತಿರ ಬಾಗಿ, "ವಿಚಾರ ತಿಲಾ..." ಎಂದು ಶುರುಮಾಡಿದಳು. ಅವಳನ್ನು ಕೇಳು ಎಂದು.

"ಅತ್ತೀ, ಕನ್ನಡದಾಗ ಕೇಳ್ರಿ" ಎಂದು ಅವಳು ತಲೆ ಎತ್ತದೆಯೇ ಅಂದಳು.

ಅವ್ವ ಸೆರಗಿನ ಅಂಚನ್ನು ಬೆರಳಿಗೆ ಸುತ್ತಿದಳು, ಬಿಚ್ಚಿದಳು. ಆಮೇಲೆ ಸಣ್ಣ ದನಿಯಲ್ಲಿ, ಹೊಸ ಊರಿಗೆ ಬಂದವಳ ಹಾಗೆ, "ಊಟ ಮಾಡ್ಯಾನಂತೇನ?" ಎಂದು ಕೇಳಿದಳು.

"ಮಾಡ್ಯಾರ್ರಿ. ಅನ್ನಾ, ಬ್ಯಾಳಿ. ಉಳ್ಳಾಗಡ್ಡಿ ಹಸೀದ ಇತ್ತಂತ."